ಒಂದು ಕಲ್ಲಿಗೆ ಎಷ್ಟು ಪೆಟ್ಟು?

ಸರ್ವೈವಲ್ ಆಟಗಳ ಸರ್ವರ್ ನಡೆಸುವವರಲ್ಲಿ ಎಂದೂ ಬಗೆಹರಿಯದ ಒಂದು ತಕರಾರಿದೆ. ಮರ ಕಡಿದರೆ ಎಷ್ಟು ಕಟ್ಟಿಗೆ ಕೈಗೆ ಬರಬೇಕು, ಬಂಡೆ ಒಡೆದರೆ ಎಷ್ಟು ಕಲ್ಲು ಸಿಗಬೇಕು? ಆಟ ತಯಾರಿಸಿದ ಕಂಪನಿ ಇದಕ್ಕೊಂದು ಪ್ರಮಾಣ ಗೊತ್ತುಮಾಡಿರುತ್ತದೆ. ಆಟಗಾರರ ಮಾತಿನಲ್ಲಿ ಅದು ‘1ಎಕ್ಸ್’. ಸರ್ವರನ್ನು ಬಾಡಿಗೆಗೆ ಹಿಡಿದು ನಡೆಸುವ ಅಡ್ಮಿನ್ ಅದನ್ನು ಎರಡು ಪಟ್ಟು, ಐದು ಪಟ್ಟು, ಮನಸ್ಸಾದರೆ ಸಾವಿರ ಪಟ್ಟು ಮಾಡಬಹುದು. ಸೆಟ್ಟಿಂಗ್ಸ್‌ನಲ್ಲಿ ಒಂದು ಅಂಕಿ ತಿದ್ದಿದರೆ ಆಯಿತು.

ಅಂಕಿ ಚಿಕ್ಕದು, ಜಗಳ ದೊಡ್ಡದು. ಏರಿಸಬೇಕು ಎನ್ನುವವರ ಮಾತು ಸರಳ: ನಾವು ಬಂದಿರುವುದು ಆಡಲಿಕ್ಕೆ, ಕೂಲಿ ಮಾಡಲಿಕ್ಕಲ್ಲ. ಬೇಡ ಎನ್ನುವವರ ಮಾತೂ ಅಷ್ಟೇ ಸರಳ: ಬೆವರು ಹರಿಸದೆ ಸಿಕ್ಕಿದ್ದಕ್ಕೆ ಬೆಲೆಯಿಲ್ಲ. ಇಬ್ಬರೂ ಈ ಅಂಕಿಯನ್ನು ಅಡ್ಮಿನ್‌ನ ಧಾರಾಳತನದ ಅಳತೆಯೆಂದೇ ನೋಡುತ್ತಾರೆ. ನನಗೆ ಅದು ಹಾಗೆ ಕಾಣುವುದಿಲ್ಲ. ಸಂಗ್ರಹದ ದರವೆಂದರೆ ಆ ಪುಟ್ಟ ಜಗತ್ತಿನಲ್ಲಿ ಮನುಷ್ಯನ ಒಂದು ಗಂಟೆಗೆ ಕಟ್ಟಿದ ಬೆಲೆ. ಪೈಪೋಟಿಯ ಸರ್ವರ್‌ನಲ್ಲಿ ಆ ಬೆಲೆಯನ್ನು ಎಲ್ಲ ವಸ್ತುವಿಗೂ ಒಂದೇ ಸಮನೆ ಏರಿಸಿದರೆ, ಯಾರ ಹೆಸರು ಹೇಳಿ ಏರಿಸುತ್ತೇವೋ ಅವರಿಗೇ, ಅಂದರೆ ದಿನಕ್ಕೆ ಒಂದೆರಡು ಗಂಟೆ ಬಿಡುವು ಸಿಗುವವರಿಗೇ, ಹೆಚ್ಚಿನ ಏಟು ಬೀಳುತ್ತದೆ. ಏರಿಸಲೇಬೇಕಾದ ಸಂದರ್ಭಗಳಿವೆ. ಆದರೆ ಯಾವುದನ್ನು ಏರಿಸಬೇಕು, ಯಾವುದಕ್ಕೆ ಕೈಹಚ್ಚಬಾರದು ಎಂಬುದನ್ನು ಲೆಕ್ಕ ಹಾಕಿ ತೀರ್ಮಾನಿಸಬೇಕೇ ಹೊರತು ಒಂದೇ ಗುಣಾಕಾರದಲ್ಲಿ ಮುಗಿಸಿಬಿಡುವ ವಿಷಯ ಇದಲ್ಲ.

ಲೆಕ್ಕಕ್ಕೆ ‘ರಸ್ಟ್’ ಆಟವನ್ನು ತೆಗೆದುಕೊಳ್ಳೋಣ. ಬ್ರಿಟನ್ನಿನ ಫೇಸ್‌ಪಂಚ್ ಸ್ಟುಡಿಯೋಸ್ ಇದನ್ನು 2013ರ ಡಿಸೆಂಬರಿನಲ್ಲಿ, ಇನ್ನೂ ಕಟ್ಟುತ್ತಿರುವಾಗಲೇ, ಜನರ ಕೈಗಿತ್ತಿತು; ಪೂರ್ಣ ಬಿಡುಗಡೆ ಆದದ್ದು 2018ರ ಫೆಬ್ರವರಿಯಲ್ಲಿ. ಆಟಗಾರ ಒಂದು ದ್ವೀಪದ ಕಡಲ ದಂಡೆಯಲ್ಲಿ ಬರಿಮೈಯಲ್ಲಿ ಕಣ್ಣು ಬಿಡುತ್ತಾನೆ. ಕೈಯಲ್ಲಿ ಒಂದು ಗುಂಡುಕಲ್ಲು, ಒಂದು ಪಂಜು. ಅಲ್ಲಿಂದ ಶುರುಮಾಡಿ ಕೊಡಲಿ, ಪಿಕಾಸಿ, ಮನೆ, ಬೀಗ, ಬಂದೂಕು ಎಲ್ಲವನ್ನೂ ತಾನೇ ಹೊಂದಿಸಿಕೊಳ್ಳಬೇಕು. ಅದೇ ದ್ವೀಪದಲ್ಲಿ ನೂರಾರು ಜನ ಅದನ್ನೇ ಮಾಡುತ್ತಿರುತ್ತಾರೆ. ಅವರಲ್ಲಿ ಯಾರು ಬೇಕಾದರೂ ಬಂದು ಕೊಂದು ದೋಚಬಹುದು, ಗೋಡೆ ಸಿಡಿಸಿ ಮನೆಗೆ ನುಗ್ಗಬಹುದು. ಇದಕ್ಕೆ ‘ರೇಡ್’ ಎನ್ನುತ್ತಾರೆ. ತಿಂಗಳ ಮೊದಲ ಗುರುವಾರ ಎಲ್ಲ ಸರ್ವರ್‌ಗಳ ದ್ವೀಪವೂ ಅಳಿಸಿಹೋಗಿ ಹೊಸದಾಗಿ ಶುರುವಾಗುತ್ತದೆ. ಇದು ‘ವೈಪ್’. ಸರ್ವರ್‌ಗಳ ಪಟ್ಟಿ ತೆರೆದರೆ ಕಂಪನಿಯ ಅಧಿಕೃತ ಸರ್ವರ್‌ಗಳು ಒಂದು ಕಡೆ, ದರ ಬದಲಿಸಿದ ‘ಮಾಡೆಡ್’ ಸರ್ವರ್‌ಗಳು ಇನ್ನೊಂದು ಕಡೆ. ಆ ಎರಡನೆಯ ಕಡೆ 2ಎಕ್ಸ್, 3ಎಕ್ಸ್, 10ಎಕ್ಸ್ ಎಂದು ಹೆಸರಿನಲ್ಲೇ ಹೇಳಿಕೊಳ್ಳುವ ಸರ್ವರ್‌ಗಳ ಸಾಲೇ ಇದೆ. ಆ ಹೆಸರೇ ಅವುಗಳ ಜಾಹೀರಾತು.

ಈ ಆಟದಲ್ಲಿ ಬಂಡೆ ಒಡೆಯುವ ಕೆಲಸವನ್ನು ಹತ್ತಿರದಿಂದ ನೋಡಬೇಕು. ಪಿಕಾಸಿಯ ಏಟು ಬಿದ್ದೊಡನೆ ಬಂಡೆಯ ಮೇಲೆ ಒಂದು ಚುಕ್ಕೆ ಮಿನುಗುತ್ತದೆ. ಮುಂದಿನ ಏಟು ಸರಿಯಾಗಿ ಅದರ ಮೇಲೆ ಬಿದ್ದರೆ ಬಂಡೆ ಬೇಗ ಸವೆಯುತ್ತದೆ. ಚುಕ್ಕೆ ಪಕ್ಕಕ್ಕೆ ಸರಿಯುತ್ತದೆ. ಅದರ ಹಿಂದೆ ಬಿದ್ದು ಬಂಡೆಯ ಸುತ್ತ ಹೆಜ್ಜೆ ಹಾಕಬೇಕು. ಹಾಗೆ ಸುತ್ತುವಾಗ ಬೆನ್ನು ಒಮ್ಮೆ ಕಾಡಿನ ಕಡೆಗೆ, ಒಮ್ಮೆ ದಿಬ್ಬದ ಕಡೆಗೆ. ಏಟಿನ ಸದ್ದು ಅಷ್ಟು ದೂರ ಕೇಳಿಸುತ್ತದೆ. ಕೇಳಿಸಿಕೊಂಡವನು ಬಿಲ್ಲು ಹಿಡಿದು ಬರಬಹುದು, ಅಥವಾ ತಾನೂ ಪಿಕಾಸಿ ಎತ್ತಿ ಪಕ್ಕದ ಬಂಡೆಗೆ ಕೈಹಚ್ಚಬಹುದು. ಮೈಕ್ ತೆರೆದು ‘ಸ್ನೇಹಿತ, ಸ್ನೇಹಿತ’ ಎಂದು ಕೂಗಿ ಹತ್ತಿರ ಬಂದು ಕತ್ತು ಕೊಯ್ಯುವವರೂ ಇದ್ದಾರೆ. ಒಟ್ಟಿನಲ್ಲಿ ಈ ಜಗತ್ತಿನಲ್ಲಿ ಅಪರಿಚಿತರು ಮುಖಾಮುಖಿಯಾಗುವುದು ಬಹುಮಟ್ಟಿಗೆ ಸಂಗ್ರಹದ ಹೊತ್ತಿನಲ್ಲೇ. ಮನೆಯೊಳಗೆ ಕೂತವನನ್ನು ಯಾರೂ ಭೇಟಿಯಾಗುವುದಿಲ್ಲ.

ಹಾಗಾಗಿ 10ಎಕ್ಸ್ ಮಾಡಿದಾಗ ಕಡಿತವಾಗುವುದು ಬರೀ ಶ್ರಮವಲ್ಲ. ಒಂದು ಗಂಟೆ ಹೊರಗಿರಬೇಕಾಗಿದ್ದವನು ಆರು ನಿಮಿಷದಲ್ಲಿ ಮನೆ ಸೇರುತ್ತಾನೆ. ಅಂಥ ಸರ್ವರ್‌ನಲ್ಲಿ ಕಾಡು ಬಿಕೋ ಎನ್ನುತ್ತದೆ. ಹೊರಗೆ ತಿರುಗುವವರೆಲ್ಲ ಮೈತುಂಬ ಲೋಹದ ಕವಚ, ಕೈಯಲ್ಲಿ ಎಕೆ ಬಂದೂಕು ಹಿಡಿದವರು. ಕಟ್ಟಿಗೆ ಹೊತ್ತವನು, ಹೆದರುತ್ತ ಪೊದೆಯಲ್ಲಿ ಕೂತವನು, ಗಂಧಕ ಕೊಟ್ಟು ಬಟ್ಟೆ ಕೇಳುವವನು ಎಲ್ಲರೂ ಮಾಯ. ಅದೂ ಒಂದು ಬಗೆಯ ಆಟವೇ, ಇಷ್ಟಪಡುವವರು ಇದ್ದಾರೆ, ತಪ್ಪೇನಿಲ್ಲ. ಆದರೆ ಅದು ವೇಗ ಹೆಚ್ಚಿಸಿದ ಅದೇ ಆಟವಲ್ಲ, ಬೇರೆಯೇ ಆಟ.

ಕೆನಡಾದಲ್ಲಿ ಪಾಠ ಹೇಳುತ್ತಿದ್ದ ತತ್ವಶಾಸ್ತ್ರಜ್ಞ ಬರ್ನಾರ್ಡ್ ಸೂಟ್ಸ್ 1978ರಲ್ಲಿ ಪ್ರಕಟಿಸಿದ ‘ದ ಗ್ರಾಸ್‌ಹಾಪರ್’ ಪುಸ್ತಕದ ಮುಖ್ಯ ವಾದ ಇಲ್ಲಿ ಉಪಯೋಗಕ್ಕೆ ಬರುತ್ತದೆ. ಗಾಲ್ಫ್ ಚೆಂಡನ್ನು ಕುಳಿಗೆ ಬೀಳಿಸುವುದೇ ಗುರಿಯಾದರೆ ಕೈಯಲ್ಲಿ ಎತ್ತಿಕೊಂಡು ಹೋಗಿ ಹಾಕುವುದು ಸುಲಭ. ಹಾಗೆ ಮಾಡುವುದಿಲ್ಲ, ಉದ್ದದ ಕೋಲಿನಿಂದ, ಅಷ್ಟು ದೂರದಿಂದ ಹೊಡೆಯುತ್ತೇವೆ. ಸುಲಭ ದಾರಿಯನ್ನು ಬೇಕೆಂದೇ ಬಿಟ್ಟುಕೊಟ್ಟು ಅಡೆತಡೆಯನ್ನು ಒಪ್ಪಿಕೊಳ್ಳುವುದರಿಂದಲೇ ಅದು ಆಟವಾಗುತ್ತದೆ ಎಂಬುದು ಸೂಟ್ಸ್ ಅವರ ಮಾತಿನ ಸಾರ. ಈ ದೃಷ್ಟಿಯಿಂದ ನೋಡಿದರೆ ‘ಶ್ರಮವನ್ನು ತೆಗೆದು ಮೋಜನ್ನು ಮಾತ್ರ ಉಳಿಸಿ’ ಎಂಬ ಬೇಡಿಕೆಯಲ್ಲೇ ತೊಡಕಿದೆ. ‘ಡಯಾಬ್ಲೊ 3’ ಆಟದಲ್ಲಿ ಇದು ಬಯಲಾಯಿತು. ರಾಕ್ಷಸರನ್ನು ಕೊಂದು ಒಳ್ಳೊಳ್ಳೆಯ ಆಯುಧ ಗಳಿಸುವುದೇ ಆ ಆಟದ ಜೀವಾಳ. 2012ರಲ್ಲಿ ಆಟದ ಜೊತೆಗೆ ಹರಾಜು ಕಟ್ಟೆಯೂ ಬಂತು. ಬೇಕಾದ ಆಯುಧವನ್ನು ಅಲ್ಲಿ ಕೊಂಡರಾಯಿತು. ಆಮೇಲೆ ರಾಕ್ಷಸರನ್ನು ಕೊಲ್ಲುವುದಾದರೂ ಏಕೆ? ಆಟದ ತಿರುಳಿಗೇ ಇದರಿಂದ ಪೆಟ್ಟಾಗುತ್ತಿದೆ ಎಂದು ಬ್ಲಿಝಾರ್ಡ್ ಕಂಪನಿಯೇ ಒಪ್ಪಿಕೊಂಡು 2014ರ ಮಾರ್ಚ್‌ನಲ್ಲಿ ಹರಾಜು ಕಟ್ಟೆಯನ್ನು ಮುಚ್ಚಿತು.

ಆದರೆ ಸೂಟ್ಸ್ ವಾದವನ್ನು ಎಳೆದಾಡಿ ‘ಎಷ್ಟು ಅಡೆತಡೆಯೋ ಅಷ್ಟು ಒಳ್ಳೆಯದು’ ಎಂದು ಹೇಳಲು ಬರುವುದಿಲ್ಲ. ಗಾಲ್ಫ್ ಕುಳಿ ಹತ್ತು ಕಿಲೋಮೀಟರ್ ದೂರ ಇಲ್ಲ. ಅಡೆತಡೆಗೂ ಒಂದು ಅಳತೆ ಬೇಕು. ಪ್ರಶ್ನೆ ಇರುವುದು ಆ ಅಳತೆಯನ್ನು ಹೇಗೆ ಗೊತ್ತುಮಾಡಬೇಕು ಎಂಬಲ್ಲಿ. ‘ಎಲ್ಲವನ್ನೂ ಮೂರರಿಂದ ಗುಣಿಸು’ ಎಂಬ ಉತ್ತರ ಏಕೆ ಸಾಲದು ಎನ್ನುವುದಕ್ಕೆ ಎರಡು ಕಾರಣಗಳಿವೆ.

ಮೊದಲನೆಯದು ಯಂತ್ರದ ಕಾರಣ. ಸಂಗ್ರಹದ ದರ ಒಂಟಿಯಾಗಿ ನಿಂತಿಲ್ಲ. ರಸ್ಟ್‌ನಲ್ಲಿ ಒಳ್ಳೆಯ ಹತಾರದಿಂದ ಪೂರ್ತಿ ಒಡೆದ ಗಂಧಕದ ಬಂಡೆ 300 ಅದಿರು ಕೊಡುತ್ತದೆ. 10ಎಕ್ಸ್ ಸರ್ವರ್‌ನಲ್ಲಿ ಅದೇ ಬಂಡೆಗೆ 3000. ಆದರೆ ಚೀಲದ ಒಂದು ಖಾನೆಯಲ್ಲಿ ಹಿಡಿಯುವುದು 1000 ಮಾತ್ರ, ಚೀಲದಲ್ಲಿರುವುದು 24 ಖಾನೆ. ಎಂಟು ಬಂಡೆ ಒಡೆಯುವಷ್ಟರಲ್ಲಿ ಚೀಲ ಭರ್ತಿ, ಮನೆಗೆ ಓಡಬೇಕು. ಹಾಗಾಗಿ ಅಡ್ಮಿನ್ ಖಾನೆಯ ಮಿತಿಯನ್ನು ಏರಿಸುತ್ತಾನೆ. ಮನೆಗೆ ತಂದ ಅದಿರನ್ನು ಕುಲುಮೆಯಲ್ಲಿ ಕರಗಿಸಬೇಕಲ್ಲ, ಕುಲುಮೆಯ ವೇಗ ಹಳೆಯದೇ. ಆಟಗಾರರು ಕುಲುಮೆಯ ಮುಂದೆ ಸಾಲುಗಟ್ಟಿ ಕಾಯುತ್ತಾರೆ, ಗೊಣಗುತ್ತಾರೆ. ಕುಲುಮೆಯ ವೇಗವೂ ಏರುತ್ತದೆ. ಆಮೇಲೆ ವಸ್ತು ತಯಾರಿಸುವ ಸಮಯ ಉದ್ದವಾಯಿತೆಂಬ ದೂರು. ಅದನ್ನು ತಕ್ಷಣದ್ದಾಗಿ ಮಾಡಿದರೆ, ಈಗ ದೊಡ್ಡ ಖರ್ಚೆಂದರೆ ನಡೆದಾಡುವ ಸಮಯ. ಟೆಲಿಪೋರ್ಟ್ ಬರುತ್ತದೆ. ಸತ್ತು ಹುಟ್ಟಿದವನು ಗುಂಡುಕಲ್ಲಿನಿಂದ ಶುರುಮಾಡುವುದು ಏಕೆ ಎಂದು ಕೇಳಿದಾಗ ಸಿದ್ಧ ‘ಕಿಟ್’ ಬರುತ್ತದೆ. ಒಂದು ಅಂಕಿಯನ್ನು ತಿದ್ದಲು ಹೊರಟವನು ಒಂದೊಂದಾಗಿ ಎಲ್ಲ ಅಂಕಿಗಳನ್ನೂ ತಿದ್ದಬೇಕಾಗುತ್ತದೆ. ಪ್ರತಿ ಸಲವೂ ದೂರು ಬರುವುದು ನಿಜವಾದ ಅಡಚಣೆಯ ಬಗ್ಗೆಯೇ. ಆ ಅಡಚಣೆಯನ್ನು ತಂದದ್ದು ಮಾತ್ರ ಹಿಂದಿನ ತಿದ್ದುಪಡಿ.

ಎರಡನೆಯ ಕಾರಣ ನ್ಯಾಯದ್ದು. ಇದನ್ನು ಸ್ವಲ್ಪ ನಿಧಾನವಾಗಿ ಬಿಡಿಸಬೇಕು.

ಇನ್ನೊಬ್ಬರ ಮನೆಯ ಒಂದು ತಗಡಿನ ಬಾಗಿಲು ಸಿಡಿಸಲು ‘ಸಿ4’ ಎಂಬ ಒಂದು ಸಿಡಿಮದ್ದು ಸಾಕು. ಅದರ ತಯಾರಿಗೆ ಒಟ್ಟು 2200 ಗಂಧಕ ಬೇಕು, ಅಂದರೆ 1ಎಕ್ಸ್‌ನಲ್ಲಿ ಏಳು ಬಂಡೆ ಮುಗಿಸಿ ಎಂಟನೆಯದಕ್ಕೆ ಕೈಹಾಕಬೇಕು. ಆ ಬಾಗಿಲು ಮಾಡಿಸಲು ಮನೆಯವನಿಗೆ ತಗಲುವುದು 150 ಲೋಹದ ಚೂರು, ಒಂದು ಲೋಹದ ಬಂಡೆಯ ಕಾಲು ಭಾಗ. ದಾಳಿ ದುಬಾರಿ, ರಕ್ಷಣೆ ಅಗ್ಗ: ಇದು ಆಟ ಕಟ್ಟಿದವರು ಯೋಚಿಸಿ ಇಟ್ಟಿರುವ ಅನುಪಾತ. ಎಲ್ಲವನ್ನೂ ಐದರಿಂದ ಗುಣಿಸಿದರೂ ಅನುಪಾತ ಬದಲಾಗುವುದಿಲ್ಲ, ಆದ್ದರಿಂದ ಯಾರಿಗೂ ಅನ್ಯಾಯವಿಲ್ಲ ಎಂದು 5ಎಕ್ಸ್‌ನವರು ವಾದಿಸುತ್ತಾರೆ. ಕಾಗದದ ಮೇಲೆ ಇದು ಸರಿ.

ಕಾಗದದ ಹೊರಗೆ ನೋಡಿ. ಸಾಲಾಗಿ ನಾಲ್ಕು ಬಾಗಿಲಿರುವ ಒಂದು ಸಣ್ಣ ಮನೆ. ಒಳಗೆ ಏನಿದೆಯೋ ಗೊತ್ತಿಲ್ಲ. ನಾಲ್ಕು ಸಿ4ಗೆ ಬೇಕಾದ 8800 ಗಂಧಕಕ್ಕೆ 1ಎಕ್ಸ್‌ನಲ್ಲಿ ಮೂವತ್ತು ಬಂಡೆ ಒಡೆಯಬೇಕು. ಇಷ್ಟು ಮಾಡಿ ಒಳಗೆ ಸಿಕ್ಕಿದ್ದು ಎರಡು ಪೆಟ್ಟಿಗೆ ಕಲ್ಲು ಮತ್ತು ಒಂದಿಷ್ಟು ಅಣಬೆ ಆದರೆ? ಬುದ್ಧಿವಂತ ತಂಡ ಆ ಮನೆಯ ತಂಟೆಗೆ ಹೋಗುವುದಿಲ್ಲ. ಸಣ್ಣವನಿಗೆ ಕಾವಲಾಗಿ ನಿಂತಿರುವುದು ಅವನ ಬಾಗಿಲಲ್ಲ, ಅವನ ಬಡತನ. 5ಎಕ್ಸ್‌ನಲ್ಲಿ ಅದೇ ಗಂಧಕ ಆರು ಬಂಡೆಯ ಕೆಲಸ. ಈಗ ಲೆಕ್ಕಾಚಾರ ಬೇಕಿಲ್ಲ; ಹೊತ್ತು ಹೋಗದಿದ್ದರೆ ಸಿಡಿಸಿ ನೋಡಿದರಾಯಿತು. ಒಂದು ಸಂಜೆಗೆ ಒಂದು ಮನೆ ಹೊಡೆಯುತ್ತಿದ್ದ ತಂಡ ಐದು ಮನೆ ಹೊಡೆಯುತ್ತದೆ. ಆ ಐದರಲ್ಲಿ ನಾಲ್ಕು, ಹಿಂದೆ ಯಾರೂ ಲೆಕ್ಕಕ್ಕೇ ತೆಗೆದುಕೊಳ್ಳದಿದ್ದ ಮನೆಗಳು.

ಮನೆಯವನಿಗೂ ಐದು ಪಟ್ಟು ಲೋಹ ಸಿಗುತ್ತದಲ್ಲ, ಇನ್ನಷ್ಟು ಬಾಗಿಲು ಹಾಕಿಕೊಳ್ಳಲಿ ಎನ್ನಬಹುದು. ಹಾಕಿಕೊಳ್ಳಬಹುದು, ಆದರೆ ಗೋಡೆಯ ಹಿಂದೆ ಗೋಡೆ ಯೋಜಿಸಿ ಒಂದೊಂದಾಗಿ ಕೂರಿಸುವ ಕೆಲಸಕ್ಕೆ ಯಾವ ಎಕ್ಸೂ ಇಲ್ಲ. ಅದು ಅವನದೇ ಸಮಯ. ಅದಕ್ಕಿಂತ ಮುಖ್ಯವಾದದ್ದು, ದಾಳಿಗೆ ಒಂದು ಗಳಿಗೆ ಆರಿಸಿಕೊಂಡರೆ ಸಾಕು, ರಕ್ಷಣೆ ಇಪ್ಪತ್ತನಾಲ್ಕು ಗಂಟೆಯೂ ನಿಲ್ಲಬೇಕು. ಬೆಂಗಳೂರಿನಲ್ಲಿ ಕಚೇರಿ ಮುಗಿಸಿ, ಟ್ರಾಫಿಕ್ ದಾಟಿ, ಊಟ ಮಾಡಿ ರಾತ್ರಿ ಹತ್ತಕ್ಕೆ ಕಂಪ್ಯೂಟರ್ ಮುಂದೆ ಕೂರುವವನು ಹನ್ನೆರಡಕ್ಕೆ ಮಲಗುತ್ತಾನೆ. ಪಿಂಗ್, ಅಂದರೆ ಸಂಪರ್ಕದ ವಿಳಂಬ, ಕಡಿಮೆ ಇರಲೆಂದು ಅವನು ಸೇರುವ ಏಷ್ಯಾದ ಸರ್ವರ್‌ನಲ್ಲಿ ಸಿಂಗಪುರದವರು ಗಡಿಯಾರದಲ್ಲಿ ಎರಡೂವರೆ ಗಂಟೆ ಮುಂದಿದ್ದಾರೆ, ಆಸ್ಟ್ರೇಲಿಯಾದ ಪೂರ್ವ ಭಾಗದವರು ಇನ್ನೂ ಮುಂದೆ. ಇವನು ಮಲಗಿರುವಾಗ ಅವರಿಗೆ ಬೆಳಗಾಗಿರುತ್ತದೆ. ದರ ಐದು ಪಟ್ಟಾದರೂ ಇವನ ನಿದ್ದೆಯ ಗಂಟೆಗಳು ಅಷ್ಟೇ. ಆ ಗಂಟೆಗಳಲ್ಲಿ ಎದುರಾಳಿಗಳು ಕೂಡಿಡಬಲ್ಲ ಸಿಡಿಮದ್ದು ಮಾತ್ರ ಐದು ಪಟ್ಟು.

ಕೆರೆಯ ತೂಬು ಎತ್ತಿದರೆ ನೀರು ಎಲ್ಲರ ಕಾಲುವೆಗೂ ಹರಿಯುತ್ತದೆ, ನಿಜ. ಅಗಲವಾದ ಕಾಲುವೆಯವನ ಗದ್ದೆಗೆ ಅಗಲಕ್ಕೆ ತಕ್ಕಷ್ಟು ಹೋಗುತ್ತದೆ. ಎರಡು ಗಂಟೆ ಆಡುವವನ ಒಂದು ಪಾಲಿಗೆ ಹತ್ತು ಜನರ ತಂಡದ್ದು ಐವತ್ತು ಪಾಲಾದರೆ, ಗುಣಾಕಾರದ ನಂತರವೂ ಒಂದಕ್ಕೆ ಐವತ್ತೇ. ನಡುವಿನ ಕಂದರ ಮಾತ್ರ ಅಗಲವಾಗಿರುತ್ತದೆ.

ಹಾಗಾದರೆ ಬಿಡುವಿಲ್ಲದವರ ಕೋರಿಕೆಗೆ ಬೆಲೆಯೇ ಇಲ್ಲವೇ? ಇದೆ. ಏರಿಸಬೇಕು ಎನ್ನುವವರ ಪಕ್ಷದಲ್ಲಿ ಇರುವ ಗಟ್ಟಿ ವಾದವೂ ಇದೇ. ಮಕ್ಕಳನ್ನು ಮಲಗಿಸಿ ಒಂದು ಗಂಟೆ ಆಡಲು ಬಂದವನು ಆ ಗಂಟೆಯನ್ನೆಲ್ಲ ಮರ ಕಡಿಯುವುದರಲ್ಲೇ ಕಳೆದರೆ ಅವನು ಆಟದ ಹೊಸ್ತಿಲಲ್ಲೇ ಉಳಿದುಬಿಡುತ್ತಾನೆ. ಅವನಿಗೆ ದರ ಏರಿಕೆ ನಿಜವಾಗಿಯೂ ಉಪಕಾರ ಮಾಡುವ ಸನ್ನಿವೇಶ ಒಂದಿದೆ: ತಲುಪಬೇಕಾದದ್ದಕ್ಕೆ ಒಂದು ಎಲ್ಲೆ ಇರುವಲ್ಲಿ. ಮನೆಗೆ ಬೇಕಾದ ಕಲ್ಲಿಗೆ ಎಲ್ಲೆಯಿದೆ. ಮೊದಲ ಬಾಗಿಲಿಗೆ, ಮೊದಲ ಬಂದೂಕಿಗೆ ಎಲ್ಲೆಯಿದೆ. ಐವತ್ತು ಪಾಲಿನವನು ಆ ಎಲ್ಲೆಯನ್ನು ಹೇಗೂ ಮೊದಲ ದಿನವೇ ದಾಟಿರುತ್ತಾನೆ; ದರ ಏರಿದರೆ ಅವನಿಗೆ ಹೊಸದೇನೂ ಸಿಗುವುದಿಲ್ಲ. ಒಂದು ಪಾಲಿನವನು ಮೂರನೆಯ ದಿನ ತಲುಪುತ್ತಿದ್ದದ್ದನ್ನು ಮೊದಲ ರಾತ್ರಿಯೇ ತಲುಪುತ್ತಾನೆ. ಎಲ್ಲೆಯಿರುವಲ್ಲಿ ಏರಿಕೆ ಅಂತರವನ್ನು ತಗ್ಗಿಸುತ್ತದೆ. ಎಲ್ಲೆಯಿಲ್ಲದ ಪೈಪೋಟಿಯಲ್ಲಿ, ಸಿಡಿಮದ್ದಿನ ವಿಷಯದಲ್ಲಿ ಆಗುವಂತೆ, ಅಂತರವನ್ನು ಹಿಗ್ಗಿಸುತ್ತದೆ. ಅಡ್ಮಿನ್ ಮಾಡಬೇಕಾದ ಮೊದಲ ವಿಂಗಡಣೆ ಇದು.

ಸ್ವೀಡನ್ನಿನ ಐರನ್ ಗೇಟ್ 2021ರಲ್ಲಿ ಹೊರತಂದ ‘ವಾಲ್‌ಹೈಮ್’ ಎಲ್ಲೆಯಿರುವ ಬಗೆಯದ್ದು. ಹತ್ತು ಜನರವರೆಗೆ ಗೆಳೆಯರು ಕೂಡಿ ಆಡುವ ಆಟ. ಎದುರಾಳಿಗಳೆಂದರೆ ರಾಕ್ಷಸರು, ದೈತ್ಯರು. ಅಲ್ಲಿ ಒಬ್ಬನಿಗೆ ಹೆಚ್ಚು ಸಿಕ್ಕಿದರೆ ಇನ್ನೊಬ್ಬನಿಗೆ ನಷ್ಟವಿಲ್ಲ. 2023ರಲ್ಲಿ ಕಂಪನಿಯೇ ಸಂಗ್ರಹದ ದರ ಏರಿಳಿಸುವ ಅನುಕೂಲವನ್ನು ಆಟದೊಳಗೆ ತಂದಿತು, ಅದು ಸರಿಯಾದದ್ದೇ. ಆ ಆಟದ ಇನ್ನೊಂದು ನಿಯಮವನ್ನೂ ಗಮನಿಸಬೇಕು. ಮಾಮೂಲಿ ಸೆಟ್ಟಿಂಗ್‌ನಲ್ಲಿ ಲೋಹದ ಅದಿರು, ಕ್ಷಣದಲ್ಲಿ ದೂರ ಸಾಗಿಸುವ ಸಾಮಾನ್ಯ ಮರದ ಪೋರ್ಟಲ್ ಮೂಲಕ ಹೋಗುವುದಿಲ್ಲ. ಜೌಗಿನಲ್ಲಿ ಸಿಕ್ಕ ಕಬ್ಬಿಣವನ್ನು ಹಡಗಿಗೆ ತುಂಬಿ, ಗಾಳಿ ನೋಡಿ, ಕಡಲ ಹಾವಿಗೆ ಹೆದರುತ್ತ ಊರಿಗೆ ತರಬೇಕು. ದರ ಎರಡು ಪಟ್ಟಾದರೆ ನಾಲ್ಕು ಯಾನದ ಬದಲು ಎರಡು ಸಾಕಾಗಬಹುದು, ಆದರೆ ಯಾನ ತಪ್ಪುವುದಿಲ್ಲ. ಪೋರ್ಟಲ್ ನಿಯಮವನ್ನೇ ತೆಗೆದುಹಾಕಿದರೆ ಯಾನವೇ ಇಲ್ಲ. ಮೊದಲನೆಯದು ಪುನರಾವರ್ತನೆಯನ್ನು ಕಡಿಮೆ ಮಾಡುತ್ತದೆ, ಎರಡನೆಯದು ಅನುಭವವನ್ನೇ ಕಿತ್ತುಹಾಕುತ್ತದೆ.

ಇಲ್ಲಿಂದ ಎರಡನೆಯ ವಿಂಗಡಣೆ ಹೊರಡುತ್ತದೆ: ಕೆಲಸ ಬೇರೆ, ಕಾಯುವುದು ಬೇರೆ. ಡೈನೊಸಾರ್‌ಗಳನ್ನು ಪಳಗಿಸುವ ‘ಆರ್ಕ್: ಸರ್ವೈವಲ್ ಇವಾಲ್ವ್‌ಡ್’ ಆಟದಲ್ಲಿ ಇದು ಕಣ್ಣಿಗೆ ಹೊಡೆಯುವಂತಿದೆ. ಮೂಲ ದರದಲ್ಲಿ ಗಿಗನೊಟೊಸಾರಸ್ ಮರಿಯೊಂದು ದೊಡ್ಡದಾಗಲು ಹತ್ತು ದಿನಕ್ಕೂ ಹೆಚ್ಚು ಹಿಡಿಯುತ್ತದೆ. ಆಟದ ದಿನವಲ್ಲ, ನಮ್ಮ ಗೋಡೆಯ ಕ್ಯಾಲೆಂಡರಿನ ದಿನ. ಎಳೆಯ ಮರಿಗೆ ಪಕ್ಕದಲ್ಲಿದ್ದು ಮೇವು ಕೊಡುತ್ತಿರಬೇಕು, ಎಂಟು ಗಂಟೆಗೊಮ್ಮೆ ಬಂದು ಮುದ್ದಿಸಬೇಕು. ಅಲಾರಂ ಇಟ್ಟುಕೊಂಡು ನಡುರಾತ್ರಿ ಎದ್ದು ಮರಿ ಸಾಕಿದವರಿದ್ದಾರೆ. ಇಲ್ಲಿ ಕೌಶಲವೂ ಇಲ್ಲ, ಅಪಾಯವೂ ಇಲ್ಲ, ಇನ್ನೊಬ್ಬರ ಭೇಟಿಯೂ ಇಲ್ಲ. ಇಂಥ ಸರ್ವರ್‌ನ ಅಡ್ಮಿನ್ ‘ಸಮಯ ಸಾಲದು’ ಎಂಬ ದೂರು ಕೇಳಿ ಸಂಗ್ರಹದ ದರದ ಅಂಕಿಯಾದ ‘ಹಾರ್ವೆಸ್ಟ್ ಅಮೌಂಟ್ ಮಲ್ಟಿಪ್ಲೈಯರ್’ ಏರಿಸಿದರೆ ನೋವಿರುವುದು ಒಂದು ಕಡೆ, ಔಷಧ ಹಚ್ಚಿದ್ದು ಇನ್ನೊಂದು ಕಡೆ. ಕಲ್ಲು, ಹುಲ್ಲು, ಚರ್ಮ ಪೆಟ್ಟಿಗೆಗಳಲ್ಲಿ ಕೊಳೆಯುತ್ತವೆ, ಮರಿ ಮಾತ್ರ ಹತ್ತು ದಿನಕ್ಕೇ ಬೆಳೆಯುತ್ತದೆ. ಮರಿ ಬೆಳೆಯುವ ವೇಗಕ್ಕೂ ಪಳಗಿಸುವ ವೇಗಕ್ಕೂ ಅದೇ ಆಟದಲ್ಲಿ ಬೇರೆ ಬೇರೆ ಅಂಕಿಗಳಿವೆ. ಅವುಗಳನ್ನು ಧಾರಾಳವಾಗಿ ಏರಿಸಲಿ. ಕಾಯುವಿಕೆಯನ್ನು ಎಷ್ಟು ಕಡಿದರೂ ಆಟ ಬಡವಾಗುವುದಿಲ್ಲ.

ಆಟದೊಳಗೇ ದರ ಏರಿಸಿಕೊಳ್ಳುವ ದಾರಿಗಳಿರುವುದನ್ನೂ ಅಡ್ಮಿನ್‌ಗಳು ಮರೆಯುತ್ತಾರೆ. ರಸ್ಟ್‌ನಲ್ಲಿ ಬಣ್ಣಬಣ್ಣದ ಹಣ್ಣು ಬೆಳೆದು, ಬೆರೆಸಿ ಚಹಾ ಮಾಡುವ ವ್ಯವಸ್ಥೆಯಿದೆ. ಕಟ್ಟಿಗೆಗೆ ಒಂದು ಚಹಾ, ಅದಿರಿಗೆ ಇನ್ನೊಂದು; ಕುಡಿದವನಿಗೆ ಸ್ವಲ್ಪ ಹೊತ್ತು ಅದೇ ಬಂಡೆ ಹೆಚ್ಚು ಕೊಡುತ್ತದೆ. ಒಬ್ಬ ತೋಟ ಮಾಡುತ್ತಾನೆ, ಇನ್ನೊಬ್ಬ ಅವನಿಂದ ಚಹಾ ಕೊಂಡು ಗಣಿಗೆ ಹೋಗುತ್ತಾನೆ. ಯುದ್ಧದಲ್ಲಿ ಕೈಲಾಗದವನಿಗೂ ಒಂದು ಕಸುಬು ಸಿಗುತ್ತದೆ. ಸರ್ವರ್ 10ಎಕ್ಸ್ ಆದ ದಿನ ಆ ತೋಟಗಾರನ ಅಂಗಡಿ ಮುಚ್ಚುತ್ತದೆ. ಕೊರತೆಯಿದ್ದಾಗಲೇ ವ್ಯಾಪಾರ ನಡೆಯುವುದು, ಕಸುಬುಗಳು ಹುಟ್ಟುವುದು. ಎಲ್ಲರಿಗೂ ಎಲ್ಲವೂ ಸಿಕ್ಕಾಗ ಒಬ್ಬರಿಗೊಬ್ಬರು ಬೇಕಾಗುವುದಿಲ್ಲ.

ಕೊರತೆಯನ್ನು ಹೊಗಳಿದ್ದು ಸಾಕು. ಅದರ ಅತಿಯೂ ಕೆಟ್ಟದ್ದೇ. 1997ರಲ್ಲಿ ಬಂದ ‘ಅಲ್ಟಿಮಾ ಆನ್‌ಲೈನ್’ ಜಗತ್ತಿನ ಒಟ್ಟು ಸಂಪತ್ತಿಗೇ ಒಂದು ಮಿತಿ ಹಾಕಿಕೊಂಡು ಶುರುವಾಯಿತು. ಬಳಸಿದ ವಸ್ತು ಸವೆದು ಮತ್ತೆ ಭಂಡಾರಕ್ಕೆ ಮರಳಬೇಕು, ಅಲ್ಲಿಂದ ಅದಿರಾಗಿ, ಪ್ರಾಣಿಯಾಗಿ ಮತ್ತೆ ಹುಟ್ಟಬೇಕು ಎಂಬುದು ಯೋಜನೆ. ಆಟಗಾರರು ಸಿಕ್ಕಿದ್ದನ್ನೆಲ್ಲ ಪೆಟ್ಟಿಗೆಗಳಲ್ಲಿ ಕೂಡಿಟ್ಟರು. ಭಂಡಾರಕ್ಕೆ ಏನೂ ಮರಳಲಿಲ್ಲ, ಹೊಸದಾಗಿ ಬಂದವನಿಗೆ ಗಣಿಯಲ್ಲಿ ಏನೂ ಉಳಿಯಲಿಲ್ಲ. ಕೊನೆಗೆ ವಿನ್ಯಾಸಕಾರರು ಆ ಸುಂದರ ಕಲ್ಪನೆಯನ್ನು ಕೈಬಿಟ್ಟರು. ಕೊರತೆ ಹೆಚ್ಚಾದಷ್ಟೂ ಮೊದಲು ಬಂದವನ ಕೈ ಮೇಲಾಗುತ್ತದೆ ಎಂಬುದು ಅಲ್ಲಿನ ಪಾಠ.

ಆಟದ ನಡುವೆ ದರ ಬದಲಿಸುವುದರ ಅಪಾಯವೂ ಇದೇ ಜಾತಿಯದು. ಐಸ್‌ಲ್ಯಾಂಡಿನ ಸಿಸಿಪಿ ಕಂಪನಿಯ ‘ಈವ್ ಆನ್‌ಲೈನ್’ ಸರ್ವೈವಲ್ ಆಟವಲ್ಲ, ಆದರೆ ಗಣಿಗಾರಿಕೆಯ ಮೇಲೆ ನಿಂತ ದೊಡ್ಡ ಜಗತ್ತು. ಖನಿಜ ಅತಿಯಾಗಿದೆಯೆಂದು ಕಂಪನಿ 2020ರಲ್ಲಿ ಅದರ ಲಭ್ಯತೆಯನ್ನು ಬಿಗಿಗೊಳಿಸಿತು. ಆಟಗಾರರ ಅಸಮಾಧಾನ ದಟ್ಟವಾಯಿತು; 2021ರ ಕೊನೆಯ ಹೊತ್ತಿಗೆ ಬಿಗಿಯನ್ನು ಸಡಿಲಿಸಿದರು. ಇಂಥ ಬದಲಾವಣೆಯ ತರ್ಕ ನೋಡಿ: ದರ ಇಳಿಸಿದರೆ ಮೊದಲೇ ಗೋದಾಮು ತುಂಬಿಕೊಂಡವನ ಸರಕಿಗೆ ಬೆಲೆ ಏರುತ್ತದೆ, ದರ ಏರಿಸಿದರೆ ನಿನ್ನೆಯವರೆಗೆ ಹಳೆಯ ದರದಲ್ಲಿ ದುಡಿದವನ ಗಳಿಕೆ ಕರಗುತ್ತದೆ. ಎರಡರಲ್ಲೂ ಒಬ್ಬರ ದುಡಿಮೆಯ ಲೆಕ್ಕವನ್ನು ಆಮೇಲೆ ತಿದ್ದಿದಂತೆಯೇ. ಈವ್‌ಗೆ ವೈಪ್ ಇಲ್ಲ, ಅದಕ್ಕೆ ಬೇರೆ ದಾರಿ ಇರಲಿಲ್ಲ. ರಸ್ಟ್‌ನಲ್ಲಿ ತಿಂಗಳಿಗೊಮ್ಮೆ ದ್ವೀಪ ಹೊಸದಾಗುತ್ತದೆ. ಹಾಗಿದ್ದೂ ಎರಡು ವೈಪ್‌ಗಳ ನಡುವೆ, ಜನ ಕಡಿಮೆಯಾದರೆಂದು, ಶುಕ್ರವಾರ ಸಂಜೆ ದಿಢೀರನೆ 2ಎಕ್ಸನ್ನು 4ಎಕ್ಸ್ ಮಾಡುವ ಅಡ್ಮಿನ್ ತನ್ನ ಅತ್ಯಂತ ನಿಷ್ಠಾವಂತ ಆಟಗಾರರಿಗೇ ಬೆನ್ನು ತೋರಿಸುತ್ತಿದ್ದಾನೆ.

ದುಡ್ಡಿನ ಮಾತು ಉಳಿಯಿತು. ಸರ್ವರ್‌ಗೆ ತಿಂಗಳ ಬಾಡಿಗೆ ಇರುತ್ತದೆ, ಅದನ್ನು ತುಂಬಿಸಲು ಕೆಲವರು ‘ವಿಐಪಿ’ಗಳಿಗೆ ಹೆಚ್ಚಿನ ಸಂಗ್ರಹದ ದರ ಮಾರುತ್ತಾರೆ. ಎಲ್ಲರ ದರ ಎಷ್ಟಿರಬೇಕು ಎಂಬುದರ ಬಗ್ಗೆ ವಾದಿಸಬಹುದು. ಒಂದೇ ಬಂಡೆಗೆ ದುಡ್ಡು ಕೊಟ್ಟವನ ಏಟಿಗೆ ಒಂದು ಪ್ರಮಾಣ, ಕೊಡದವನ ಏಟಿಗೆ ಇನ್ನೊಂದು ಎಂಬುದರ ಬಗ್ಗೆ ವಾದವೇ ಬೇಡ. 2014ರಲ್ಲಿ ‘ಮೈನ್‌ಕ್ರಾಫ್ಟ್’ನ ಮೊಜಾಂಗ್ ಕಂಪನಿ ಸರ್ವರ್ ನಡೆಸುವವರಿಗೆ ಇದನ್ನೇ ಹೇಳಿತು: ಬಟ್ಟೆಬರೆ, ಅಲಂಕಾರ ಮಾರಿ, ಆಟದಲ್ಲಿ ಮೇಲುಗೈ ಕೊಡುವಂಥದ್ದನ್ನು ಮಾರಬೇಡಿ. ಆಗ ಗದ್ದಲವೆದ್ದಿತು, ಆದರೂ ಗೆರೆ ಎಳೆದದ್ದು ಸರಿಯಾದ ಕಡೆಯೇ. ಆಟದ ಗಂಟೆಯ ಬೆಲೆ ಎಲ್ಲರಿಗೂ ಒಂದೇ ಇರಬೇಕು. ಹೊರಗಿನ ಜೇಬು ಆ ಗಂಟೆಯನ್ನು ಉದ್ದ ಮಾಡಬಾರದು.

ಇಷ್ಟನ್ನೂ ಒಂದೆಡೆ ತಂದರೆ, ಪೈಪೋಟಿಯ ಸರ್ವರ್ ನಡೆಸುವವರಿಗೆ ಹೇಳಬಹುದಾದದ್ದು ಹೀಗೆ. ಕಟ್ಟಿಗೆ, ಕಲ್ಲು, ಬಟ್ಟೆ ಇವುಗಳಿಂದ ಮನೆ ಏಳುತ್ತದೆ, ಇವಕ್ಕೆ ಎಲ್ಲೆಯಿದೆ. ಎರಡು ಪಟ್ಟು ಮಾಡಿ, ಹೊಸಬ ಮೊದಲ ರಾತ್ರಿಯೇ ಬಾಗಿಲು ಹಾಕಿಕೊಂಡು ಮಲಗಲಿ. ಗಂಧಕದಿಂದ ದಾಳಿ ಹುಟ್ಟುತ್ತದೆ, ಅದಕ್ಕೆ ಎಲ್ಲೆಯಿಲ್ಲ. ಅದನ್ನು 1ಎಕ್ಸ್‌ನಲ್ಲೇ ಬಿಡಿ. ಇದು ಕಷ್ಟದ ಕೆಲಸವೇನಲ್ಲ. ರಸ್ಟ್‌ನ ಗ್ಯಾದರ್ ಮ್ಯಾನೇಜರ್ ಪ್ಲಗಿನ್‌ನಲ್ಲಿ ಒಂದೊಂದು ವಸ್ತುವಿಗೂ ಬೇರೆ ದರ ಕೊಡಬಹುದು. ಆರ್ಕ್‌ನ ಸೆಟ್ಟಿಂಗ್ಸ್ ಕಡತದಲ್ಲೂ ಆ ಸೌಲಭ್ಯವಿದೆ. ಕುಲುಮೆಯಂಥ ಬರೀ ಕಾಯುವ ಸಮಯವನ್ನು ಕತ್ತರಿಸಿ. ಬಿಡುವಿಲ್ಲದವರ ಮೇಲೆ ನಿಜವಾದ ಕಾಳಜಿಯಿದ್ದರೆ ತಂಡದ ಗಾತ್ರಕ್ಕೆ ಮಿತಿ ಹಾಕಿ. ಒಬ್ಬರು, ಇಬ್ಬರು, ಮೂವರು ಮಾತ್ರ ಕೂಡಿ ಆಡಬಹುದಾದ ಸರ್ವರ್‌ಗಳು ಈಗಾಗಲೇ ಬೇಕಾದಷ್ಟಿವೆ. ಐವತ್ತು ಪಾಲಿನವನನ್ನು ಹತ್ತು ಪಾಲಿಗೆ ಇಳಿಸುವುದು ಯಾವ ಗುಣಾಕಾರದಿಂದಲೂ ಆಗದ ಕೆಲಸ, ಈ ಮಿತಿಯಿಂದ ಆಗುತ್ತದೆ. ಏನೇ ಬದಲಿಸಿದರೂ ವೈಪ್‌ಗೆ ಮೊದಲು ಕಾರಣಸಹಿತ ತಿಳಿಸಿ, ಮುಂದಿನ ವೈಪ್‌ವರೆಗೆ ಅದಕ್ಕೆ ಬದ್ಧರಾಗಿರಿ.

ಆಟಗಾರರ ಅಭಿಪ್ರಾಯ ಕೇಳಬೇಡವೇ? ಖಂಡಿತ ಕೇಳಬೇಕು. ಆದರೆ ‘ಎಷ್ಟು ಎಕ್ಸ್ ಬೇಕು’ ಎಂದು ಮತಕ್ಕೆ ಹಾಕಿದರೆ ದೊಡ್ಡ ಅಂಕಿಯೇ ಗೆಲ್ಲುತ್ತದೆ, ಏಕೆಂದರೆ ಹೆಚ್ಚು ಬೇಡ ಎನ್ನುವವರು ಯಾರಿದ್ದಾರೆ? ಅದರ ಬದಲು ‘ನಿನ್ನೆಯ ನಿಮ್ಮ ಎರಡು ಗಂಟೆ ಎಲ್ಲಿ ಹೋಯಿತು’ ಎಂದು ಕೇಳಿ. ಒಬ್ಬ ಕುಲುಮೆ ಕಾಯ್ದೆ ಎನ್ನುತ್ತಾನೆ, ಇನ್ನೊಬ್ಬ ರಾತ್ರಿ ಒಡೆದುಹೋದ ಮನೆಯನ್ನು ಮತ್ತೆ ಕಟ್ಟಿದೆ ಎನ್ನುತ್ತಾನೆ, ಮತ್ತೊಬ್ಬ ದಾರಿಯುದ್ದ ನಡೆದೇ ಮುಗಿಯಿತು ಎನ್ನುತ್ತಾನೆ. ಬಂಡೆ ಒಡೆದೆ ಎನ್ನುವವನೂ ಇರುತ್ತಾನೆ, ಅವನಿಗೆ ಕಲ್ಲಿನ ದರ ಏರಿಸಿ ಕೊಡಿ. ಉಳಿದವರ ದೂರಿಗೆ ಸಂಗ್ರಹದ ದರ ಉತ್ತರವೇ ಅಲ್ಲ. ಅದನ್ನು ಏರಿಸಿ ಅವರ ಬಾಯಿ ಮುಚ್ಚಿಸುವ ಅಡ್ಮಿನ್ ಮುಂದಿನ ವಾರ ಅದೇ ದೂರನ್ನು ಇನ್ನೂ ಕಡಿಮೆ ಜನರಿಂದ ಕೇಳುತ್ತಾನೆ.